ಗಾಡಿ ಹೊಟ್ಟೆಯೊಳಗಿನ ಮುಕ್ಕಾಲು ಲೀಟರ್ ಆಯಿಲ್

ಆಯುಧಪೂಜೆ ದಿನ ನಮ್ಮ ಕಡೆ ಗಾಡಿಗಳಿಗೆ ಸಿಗುವ ಮರ್ಯಾದೆ ಮನೆ ಅಳಿಯನಿಗೂ ಸಿಗೋದಿಲ್ಲ. ತೊಳೆದು, ವಿಭೂತಿ ಪಟ್ಟೆ ಬಳಿದು, ಬಾಳೆಕಂದು ಕಟ್ಟಿ, ಚೆಂಡುಹೂವಿನ ಹಾರ ಹಾಕಿ, ಬೂದುಗುಂಬಳ ಒಡೆದು, ಚಕ್ರದ ಕೆಳಗೆ ನಿಂಬೆಹಣ್ಣು ಇಡ್ತೀವಿ. ನಿಂಬೆಹಣ್ಣು ಇಡೋಕೆ ಎಲ್ಲರೂ ಬಗ್ಗಲೇಬೇಕು. ನಾನೂ ಮೂರು ವರ್ಷ ಹಾಗೇ ಬಗ್ಗಿ ಎದ್ದವನು. ಇನ್ನೊಂದು ಅಡಿ ತಲೆ ಒಳಗೆ ಹಾಕಿ ನೋಡಿದ್ದರೆ ಗಾಡಿಯ ನಟ್ಟನಡುವೆ ಕೆಸರು ಮೆತ್ತಿಕೊಂಡ ಒಂದು ಕಬ್ಬಿಣದ ಡಬ್ಬ ಕಾಣ್ತಿತ್ತು. ಅದರ ಪಕ್ಕದ ಪ್ಲಗ್ಗಿನ ಮೇಲೆ ಗಟ್ಟಿಯಾದ ಮಣ್ಣು ಕಾಣ್ತಿತ್ತು. ಆ ಮಣ್ಣನ್ನು ವರ್ಷಗಳಿಂದ ಯಾರೂ ಕೆರೆದಿಲ್ಲ ಅನ್ನೋದೂ ಗೊತ್ತಾಗ್ತಿತ್ತು.

ಆ ಡಬ್ಬದ ಹೆಸರು ಟ್ರಾನ್ಸ್‌ಫರ್ ಕೇಸ್. ನಾಲ್ಕು ಚಕ್ರಕ್ಕೂ ಎಳೆತ ಇರುವ ಜೀಪು, ಎಸ್‌ಯುವಿಗಳಲ್ಲಿ ಮಾತ್ರ ಇರುತ್ತೆ. ಗೇರ್‌ಬಾಕ್ಸಿಂದ ಬಂದ ಬಲವನ್ನು ಹಿಂದಿನ ಚಕ್ರಕ್ಕೆ ಎಷ್ಟು, ಮುಂದಿನ ಚಕ್ರಕ್ಕೆ ಎಷ್ಟು ಅಂತ ಹಂಚೋದು ಅದರ ಕೆಲಸ. ಅದಕ್ಕೆ ಬೇರೆಯೇ ಆಯಿಲ್ ಇರುತ್ತೆ. ಇಷ್ಟು ಮಾತು ನನಗೆ ಗೊತ್ತಾಗೋಕೆ ಹದಿನಾರೂವರೆ ಸಾವಿರ ರೂಪಾಯಿ ಖರ್ಚಾಯ್ತು. ಭಾವನ ಜೊತೆ ಮೂರು ವಾರ ಮಾತು ಬಿಟ್ಟಿದ್ದು ಬೇರೆ.

ಮೊದಲಿಂದ ಹೇಳ್ತೀನಿ.

ನಾನು ಹುಣಸೂರಿನಲ್ಲಿ ಕೂತು ನಾಲ್ಕು ತಾಲೂಕಿನ ಸುದ್ದಿ ಬರೆಯುವ ಸ್ಟ್ರಿಂಗರ್. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ. ನಮಗೆ ಸಂಬಳ ಇಲ್ಲ, ಅಚ್ಚಾದ ಸುದ್ದಿಗೆ ದುಡ್ಡು. ಪೆಟ್ರೋಲು ನಮ್ಮದೇ. ಬಹಳ ಕಾಲ ಬೈಕಲ್ಲೇ ತಿರುಗಿದೆ. ಕೆ.ಆರ್. ನಗರದ ನಾಲೆ ಏರಿ ಮೇಲೆ, ಕಂಪಲಾಪುರದ ತಂಬಾಕು ಮಾರುಕಟ್ಟೆಗೆ ಬೈಕು ಸಾಕು. ಆದರೆ ಅಂತರಸಂತೆ ಕಡೆಯ ಹಾಡಿಗಳಿಗೆ, ವೀರನಹೊಸಹಳ್ಳಿ ಅಂಚಿನ ಊರುಗಳಿಗೆ ಸಂಜೆ ಮೇಲೆ ಬೈಕಲ್ಲಿ ಹೋಗೋದು ಅಂದ್ರೆ ಆನೆ ಎದುರಿಗೆ ಅಪ್ಪಳಿಸಿಕೊಳ್ಳೋಕೆ ಅರ್ಜಿ ಹಾಕಿದ ಹಾಗೆ. ಒಂದು ಸಲ ತಿರುವಿನಲ್ಲಿ ಆನೆ ಸಿಕ್ಕಿತು. ಬೈಕ್ ಬಿಟ್ಟು ಓಡಿದೆ. ಆನೆ ಬೈಕನ್ನು ಮುಟ್ಟಲಿಲ್ಲ, ನನ್ನನ್ನೂ ಮುಟ್ಟಲಿಲ್ಲ. ಆದರೆ ಮನೆಯಲ್ಲಿ ಆ ಮಾತು ಮುಟ್ಟಿತು.

ಅಕ್ಕನನ್ನು ಕೊಟ್ಟಿರೋದು ಪಿರಿಯಾಪಟ್ಟಣ ತಾಲೂಕಿಗೆ. ಭಾವ ತಂಬಾಕು ಬೆಳೆಗಾರ, ಜೊತೆಗೆ ಸ್ವಲ್ಪ ಶುಂಠಿ. ಮಳೆಗಾಲದಲ್ಲಿ ಅವನ ಹೊಲಕ್ಕೆ ಟೆಂಪೋ ಇಳಿಯೋದಿಲ್ಲ. ಇಬ್ಬರೂ ಸೇರಿ 2021ರಲ್ಲಿ ಒಂದು ಹಳೆಯ ಜಿಪ್ಸಿ ತಗೊಂಡೆವು, ಫೋರ್ ಬೈ ಫೋರ್. ಮಾರುತಿಯವರು 1985ರಲ್ಲಿ ಬಿಟ್ಟ ಗಾಡಿ ಅದು. ಸೈನ್ಯದಲ್ಲಿ, ಪೊಲೀಸಿನಲ್ಲಿ ಓಡಿತು, ನಾಗರಹೊಳೆಯ ಸಫಾರಿಯಲ್ಲಿ ಓಡಿತು. ಹಳೆಯದಾದರೂ ಸಾಯದ ಗಾಡಿ ಅಂತ ಹೆಸರು. ಅರ್ಧ ದುಡ್ಡು ಅವನದು, ಅರ್ಧ ನನ್ನದು. ವಾರದಲ್ಲಿ ನಾಲ್ಕು ದಿನ ನನ್ನ ಹತ್ತಿರ, ಮೂರು ದಿನ ಅವನ ಹತ್ತಿರ. ಬ್ಯಾರನ್ ಉರಿಸುವ ತಿಂಗಳುಗಳಲ್ಲಿ ಲೆಕ್ಕ ಉಲ್ಟಾ.

ಪಾಲುಗಾರಿಕೆ ಗಾಡಿಯ ಕಥೆ ನಿಮಗೆ ಗೊತ್ತಲ್ಲ. ಇಬ್ಬರೂ ಓಡಿಸ್ತೀವಿ, ಇಬ್ಬರೂ ಪೆಟ್ರೋಲು ಹಾಕಿಸ್ತೀವಿ. ಕೆಳಗೆ ನೋಡುವ ವಿಚಾರದಲ್ಲಿ ಮಾತ್ರ, ಅವನು ನೋಡಿರ್ತಾನೆ ಅಂತ ನಾನು, ನಾನು ನೋಡಿರ್ತೀನಿ ಅಂತ ಅವನು.

ಸರ್ವೀಸ್ ಮಾಡಿಸಲಿಲ್ಲ ಅಂತಲ್ಲ. ವರ್ಷಕ್ಕೊಂದು ಸಲ ಒಂದು ಗ್ಯಾರೇಜಿಗೆ ಬಿಡ್ತಿದ್ದೆವು. ಬಿಲ್ಲಿನಲ್ಲಿ ‘ಆಲ್ ಆಯಿಲ್ ಚೇಂಜ್’ ಅಂತ ಬರೆದು ಕೊಡ್ತಿದ್ದರು. ನಾನು ಆ ಬಿಲ್ ಮಡಿಚಿ ಡ್ಯಾಶ್‌ಬೋರ್ಡಲ್ಲಿ ಇಟ್ಟುಕೊಳ್ತಿದ್ದೆ. ಡಿಪ್ಲೊಮಾ ಓದುವಾಗ ಮೇಷ್ಟ್ರು ಮೊದಲ ದಿನವೇ ಕಲಿಸಿದ್ದು ಯಾರು, ಏನು, ಎಲ್ಲಿ, ಯಾವಾಗ, ಯಾಕೆ, ಹೇಗೆ ಅಂತ ಕೇಳೋದನ್ನ. ತಹಶೀಲ್ದಾರರನ್ನು ಕೇಳಿದ್ದೀನಿ, ಶಾಸಕರನ್ನು ಕೇಳಿದ್ದೀನಿ. ಗ್ಯಾರೇಜಿನಲ್ಲಿ ಮಾತ್ರ “ಆಲ್ ಅಂದ್ರೆ ಯಾವ್ಯಾವುದು ಗುರು?” ಅಂತ ಒಂದು ಸಲವೂ ಕೇಳಲಿಲ್ಲ.

2024ರ ಜುಲೈ. ವಯನಾಡಿನಲ್ಲಿ ಮಳೆ ಸುರಿದು ಕಬಿನಿ ತುಂಬಿ ನೀರು ಬಿಡ್ತಿದ್ದ ದಿನಗಳು. ಎಚ್.ಡಿ. ಕೋಟೆ ಕಡೆಯ ಒಂದು ಹಾಡಿಗೆ ಹಳ್ಳ ದಾಟಿ ಹೋಗಬೇಕಿತ್ತು. ಸೇತುವೆ ಇಲ್ಲ, ಹಳ್ಳದ ಮೇಲೆ ಸಿಮೆಂಟ್ ಹಾಸು. ನೀರು ಬಂಪರ್ ಮಟ್ಟಕ್ಕೆ ಇತ್ತು. ಮಾಡಬಾರದಿತ್ತು, ಮಾಡಿದೆ. ಫೋರ್ ಬೈ ಫೋರ್ ಹಾಕಿ ಇಳಿಸಿದೆ. ನಡುವೆ ಒಂದು ನಿಮಿಷ ನಿಂತು ಫೋಟೋ ಬೇರೆ ತೆಗೆದೆ. ಆಚೆ ದಡ ಹತ್ತಿದಾಗ ‘ಭಲೇ ಗಾಡಿ’ ಅಂತ ಬಾನೆಟ್ ತಟ್ಟಿದೆ. ಆ ಫೋಟೋ ಅಚ್ಚಾಯ್ತು, ದುಡ್ಡೂ ಬಂತು.

ಆಗಸ್ಟ್ ಹೊತ್ತಿಗೆ ಕಾಲ ಬುಡದಲ್ಲಿ ಒಂದು ‘ಗುಂಯ್’ ಶುರುವಾಯ್ತು. ಸ್ಪೀಡು ಜಾಸ್ತಿಯಾದರೆ ಸದ್ದು ಜಾಸ್ತಿ, ಕಡಿಮೆಯಾದರೆ ಕಡಿಮೆ. ಕ್ಲಚ್ ಒತ್ತಿದರೂ ನಿಲ್ಲಲ್ಲ. ಟೈರು ಸದ್ದು ಅಂದುಕೊಂಡೆ. ಭಾವನಿಗೂ ಕೇಳಿಸಿತ್ತಂತೆ. ಅವನೂ ಟೈರು ಅಂದುಕೊಂಡನಂತೆ. ಪರಸ್ಪರ ಹೇಳಲಿಲ್ಲ. ಹೇಳಿದವನೇ ರಿಪೇರಿ ಮಾಡಿಸಬೇಕಾಗುತ್ತಲ್ಲ.

ಸೆಪ್ಟೆಂಬರಿನ ಒಂದು ಸಂಜೆ ಅಂತರಸಂತೆ ಕಡೆಯ ನೆಂಟರ ಮನೆಯಿಂದ ವಾಪಸ್ ಬರ್ತಿದ್ದೆ. ಗಾಡಿಯಲ್ಲಿ ಅಕ್ಕ, ಅವಳ ಏಳು ವರ್ಷದ ಮಗ. ಮಗುವಿಗೆ ಮಧ್ಯಾಹ್ನದಿಂದ ಜ್ವರ. ಕೋಟೆ ಆಸ್ಪತ್ರೆಗೆ ತೋರಿಸಿಕೊಂಡು ಹೋಗೋಣ ಅಂತ ಬೇಗ ಹೊರಟಿದ್ದೆವು. ದಾರಿಯಲ್ಲಿ ಗುಂಯ್ ಅನ್ನೋದು ಗರಗರ ಆಯ್ತು, ಗರಗರ ಅನ್ನೋದು ಕಲ್ಲು ಅರೆಯುವ ಸದ್ದಾಯ್ತು. ಗೇರ್ ಲಿವರ್ ಪಕ್ಕದ ಸಣ್ಣ ಲಿವರ್ ಕೈಗೆ ನಡುಗಿತು. ಟೂ ವೀಲಿಗೆ ಹಾಕಿದೆ, ಫೋರ್ ವೀಲಿಗೆ ಹಾಕಿದೆ, ಎರಡರಲ್ಲೂ ಅದೇ ಸದ್ದು. ಮುಂದೆ ಓಡಿಸೋಕೆ ಧೈರ್ಯ ಆಗಲಿಲ್ಲ. ರಸ್ತೆ ಪಕ್ಕಕ್ಕೆ ನಿಲ್ಲಿಸಿದೆ. ಕತ್ತಲಾಗ್ತಿತ್ತು. ಆನೆ ದಾಟುವ ಜಾಗ ಅಂತ ನಾನೇ ನಾಲ್ಕು ಸಲ ಬರೆದಿದ್ದ ರಸ್ತೆ.

ಹಾಲಿನ ವ್ಯಾನೊಂದು ಬಂತು. ಮುಂದೆ ಇಬ್ಬರಿಗೆ ಮಾತ್ರ ಜಾಗ. ಅಕ್ಕನೂ ಮಗನೂ ಅದರಲ್ಲಿ ಹೋದರು. ನಾನು ಗಾಡಿಯಲ್ಲಿ ಗ್ಲಾಸ್ ಏರಿಸಿಕೊಂಡು ಎರಡು ಗಂಟೆ ಕೂತೆ. ಮಗುವಿನದು ವೈರಲ್ ಜ್ವರ, ಮೂರು ದಿನಕ್ಕೆ ವಾಸಿಯಾಯ್ತು. ಅಕ್ಕ ಆ ರಾತ್ರಿ ಫೋನಲ್ಲಿ ಬೈಯಲಿಲ್ಲ. “ಊಟ ಆಯ್ತಾ?” ಅಂತ ಕೇಳಿದಳು. ಬೈದಿದ್ದರೇ ವಾಸಿ ಇತ್ತು.

ಟ್ರಾಕ್ಟರಿಗೆ ಕಟ್ಟಿ ಹುಣಸೂರಿಗೆ ತರಿಸಿದ್ದು ಮರುದಿನ. ಅದೂ ಒಂದು ತಪ್ಪು, ಆಮೇಲೆ ಗೊತ್ತಾಯ್ತು. ಹಿಂದಿನ ಚಕ್ರ ತಿರುಗಿದರೆ ಶಾಫ್ಟ್ ತಿರುಗುತ್ತೆ, ಶಾಫ್ಟ್ ತಿರುಗಿದರೆ ಆ ಡಬ್ಬದೊಳಗಿನ ಹಲ್ಲೂ ತಿರುಗುತ್ತೆ. ಕೆಟ್ಟಿದ್ದನ್ನು ಇನ್ನಷ್ಟು ಅರೆದುಕೊಂಡು ಬಂದ ಹಾಗಾಯ್ತು. ಹಿಂದಿನ ಶಾಫ್ಟ್ ಬಿಚ್ಚಿ ಎಳೆಸಬೇಕಿತ್ತು, ಇಲ್ಲಾ ಲಾರಿ ಮೇಲೆ ಹಾಕಿಸಬೇಕಿತ್ತು.

ಈ ಸಲ ಹಳೆಯ ಗ್ಯಾರೇಜಿಗೆ ಹೋಗಲಿಲ್ಲ. ಹುಣಸೂರಿನಲ್ಲಿ ಮರದ ಲಾರಿಗಳ ಕಾಲದಿಂದ ಕೆಲಸ ಮಾಡಿದ ಒಬ್ಬ ಹಿರಿಯ ಮೇಸ್ತ್ರಿ ಇದ್ದಾರೆ, ಅವರ ಹತ್ತಿರ ಹೋದೆ. ಅವರು ಕೆಳಗೆ ನುಗ್ಗಿ, ಸ್ಕ್ರೂಡ್ರೈವರಲ್ಲಿ ಮಣ್ಣು ಕೆರೆದು, ಪ್ಲಗ್ಗಿಗೆ ಸ್ಪ್ಯಾನರ್ ಹಾಕಿದರು. ಬರಲಿಲ್ಲ. ಪೈಪ್ ತೂರಿಸಿ ಎಳೆದರು. ‘ಕಿರ್’ ಅಂತು.

“ಯಾವಾಗ ಬಿಚ್ಚಿದ್ರಿ ಇದನ್ನ?”

“ಹೋದ ವರ್ಷ ಸರ್ವೀಸ್ ಆಗಿದೆ. ಬಿಲ್ ಇದೆ.”

“ಬಿಲ್ಲಿಗೆ ಆಗಿರ್ಬೋದು. ಇದಕ್ಕೆ ಆಗಿಲ್ಲ.”

ಕೆಳಗಿನ ಪ್ಲಗ್ ಬಿಚ್ಚಿದಾಗ ಬಂದಿದ್ದು ಆಯಿಲ್ ಅಲ್ಲ. ಹೋಟೆಲಿನ ಹಾಲು ಕಮ್ಮಿ ಕಾಫಿ ಥರದ್ದು, ದಪ್ಪ, ನೊರೆ ನೊರೆ. ಮೊದಲು ಒಂದಿಷ್ಟು ಬರೀ ನೀರೇ ಬಂತು. ತಟ್ಟೆ ಅಲ್ಲಾಡಿಸಿದರೆ ತಳದಲ್ಲಿ ಹೊಳೆಯುವ ಚೂರುಗಳು. ಮೇಸ್ತ್ರಿ ಒಂದು ಚೂರು ಉಗುರಲ್ಲಿ ಎತ್ತಿ ನನ್ನ ಅಂಗೈ ಮೇಲೆ ಇಟ್ಟರು. ಬೇರಿಂಗಿನ ಪಂಜರದ ತುಂಡು.

ಭಾವನೂ ಬಂದಿದ್ದ. ಅಲ್ಲೇ ಶುರುವಾಯ್ತು. “ನೀನು ಹಳ್ಳಕ್ಕೆ ಇಳಿಸಿದ್ದಕ್ಕೆ ಹಿಂಗಾಗಿದ್ದು” ಅಂದ. “ಸರ್ವೀಸ್ ಜವಾಬ್ದಾರಿ ನಿಂದು ಅಂತ ಮಾತಾಗಿತ್ತಲ್ಲ” ಅಂದೆ. ಅವನ ಕಷ್ಟವೂ ಕಷ್ಟವೇ. ತಂಬಾಕು ಹರಾಜು ಇನ್ನೂ ಶುರುವಾಗಿರಲಿಲ್ಲ. ಸೌದೆಗೆ, ಗೊಬ್ಬರಕ್ಕೆ, ಕೂಲಿಗೆ ಸಾಲ ಮಾಡಿ ಕೂತ ಹೊತ್ತು. ತಂಬಾಕಿನ ಮನೆಗಳಲ್ಲಿ ಸೆಪ್ಟೆಂಬರಿನಲ್ಲಿ ನೂರು ರೂಪಾಯಿಗೂ ತೂಕ ಜಾಸ್ತಿ. ನನ್ನ ಕೈಯಲ್ಲೂ ಇರಲಿಲ್ಲ. ಕೊನೆಗೆ ಅಕ್ಕ ಸಂಘದಿಂದ ಸಾಲ ಎತ್ತಿ ಬಿಲ್ ಕಟ್ಟಿದಳು. ಬೇರಿಂಗು, ಸೀಲು, ಒಂದು ಗೇರು, ಕೂಲಿ ಎಲ್ಲ ಸೇರಿ ಹದಿನಾರೂವರೆ ಸಾವಿರ. ನಾನೂ ಭಾವನೂ ಮೂರು ವಾರ ಮಾತಾಡಲಿಲ್ಲ. ಗಾಡಿಯ ಕೀಲಿಯನ್ನು ಅಕ್ಕನ ಮಗನ ಕೈಯಲ್ಲಿ ಕಳಿಸುತ್ತಿದ್ದೆವು.

ಆ ಮೂರು ವಾರದಲ್ಲಿ ನಾನು ಮೇಸ್ತ್ರಿ ಅಂಗಡಿ ಮುಂದೆ ಸ್ಟೂಲ್ ಹಾಕಿಕೊಂಡು ಕೂತು, ಮೂರು ವರ್ಷ ಕೇಳದೇ ಬಿಟ್ಟ ಪ್ರಶ್ನೆಗಳನ್ನೆಲ್ಲ ಕೇಳಿದೆ. ಕೇಳಿದ್ದು, ಆಮೇಲೆ ಓದಿ ಸರಿ ನೋಡಿಕೊಂಡಿದ್ದು ಇಲ್ಲಿ ಬರೀತೀನಿ. ನಮ್ಮ ಕಡೆ ಜೀಪು, ಥಾರ್, ಜಿಪ್ಸಿ, ಜಿಮ್ನಿ ಇಟ್ಟುಕೊಂಡವರು ಜಾಸ್ತಿಯಾಗ್ತಿದ್ದಾರೆ. ಫೋರ್ ವೀಲ್ ಡ್ರೈವ್ ಟ್ರಾಕ್ಟರ್ ಇರುವವರಿಗೂ ಅರ್ಧ ಅನ್ವಯಿಸುತ್ತೆ.

ಮೊದಲನೆಯದು, ನನ್ನ ದೊಡ್ಡ ತಪ್ಪು ತಿಳಿವಳಿಕೆ. “ನಾವು ಫೋರ್ ಬೈ ಫೋರ್ ಹಾಕೋದೇ ವರ್ಷಕ್ಕೆ ನಾಲ್ಕು ಸಲ, ಅದರ ಆಯಿಲ್ ಯಾಕೆ ಕೆಡುತ್ತೆ?” ಅಂತ ಕೇಳಿದೆ. ಮೇಸ್ತ್ರಿ ನಕ್ಕರು. ಜಿಪ್ಸಿಯಲ್ಲಿ ಗೇರ್‌ಬಾಕ್ಸ್ ಬೇರೆ, ಟ್ರಾನ್ಸ್‌ಫರ್ ಕೇಸ್ ಬೇರೆ. ನಡುವೆ ಮೊಳ ಉದ್ದವೂ ಇಲ್ಲದ ಒಂದು ಶಾಫ್ಟ್. ಗೇರ್‌ಬಾಕ್ಸಿಂದ ಬಂದ ಬಲ ಟೂ ವೀಲಿನಲ್ಲಿ ಇದ್ದಾಗಲೂ ಆ ಡಬ್ಬದೊಳಗಿನ ಹಲ್ಲುಗಳ ಮೂಲಕ ಹಾದೇ ಹಿಂದಿನ ಚಕ್ರಕ್ಕೆ ಹೋಗಬೇಕು. ಮಾರುಕಟ್ಟೆಗೆ ಹೋಗಿ ಸೊಪ್ಪು ತಂದರೂ ಆ ಹಲ್ಲು ತಿರುಗುತ್ತೆ, ಬೇರಿಂಗ್ ತಿರುಗುತ್ತೆ, ಆಯಿಲ್ ಕಾಯುತ್ತೆ. ಸಣ್ಣ ಲಿವರ್ ಎಳೆದಾಗ ಮುಂದಿನ ಚಕ್ರ ಸೇರಿಕೊಳ್ಳುತ್ತೆ, ಅಷ್ಟೇ ವ್ಯತ್ಯಾಸ.

ಎರಡನೆಯದು ನೀರು ಹೇಗೆ ಹೋಯ್ತು ಅನ್ನೋದು. ನಾನು ಸೀಲ್ ಕಿತ್ತುಹೋಗಿತ್ತು ಅಂದುಕೊಂಡಿದ್ದೆ. ಅಷ್ಟೇ ಅಲ್ಲ. ಇಪ್ಪತ್ತು ಕಿಲೋಮೀಟರ್ ಓಡಿದ ಡಬ್ಬ ಬಿಸಿಯಾಗಿರುತ್ತೆ, ಒಳಗಿನ ಗಾಳಿ ಹಿಗ್ಗಿರುತ್ತೆ. ಸೀದಾ ತಣ್ಣನೆ ಹಳ್ಳಕ್ಕೆ ಇಳಿಸಿದರೆ ಗಾಳಿ ಗಕ್ಕನೆ ಕುಗ್ಗುತ್ತೆ. ಒಳಗೆ ಎಳೆತ ಹುಟ್ಟುತ್ತೆ. ಆ ಎಳೆತಕ್ಕೆ ಬ್ರೀದರ್ ಅಂತ ಒಂದು ಸಣ್ಣ ಉಸಿರಾಟದ ಬಾಯಿ ಇರುತ್ತೆ. ಅದು ಕೆಸರಿಂದ ಮುಚ್ಚಿಕೊಂಡಿದ್ದರೆ ಡಬ್ಬ ಸೀಲಿನ ಸಂದಿಯಿಂದ ನೀರು ಹೀರುತ್ತೆ. ಬಾಯಿ ನೀರೊಳಗೇ ಮುಳುಗಿದ್ದರೆ ಅಲ್ಲಿಂದಲೇ ಕುಡಿಯುತ್ತೆ. ನಾನು ನಡುನೀರಲ್ಲಿ ನಿಂತು ಫೋಟೋ ತೆಗೆದ ಆ ಒಂದು ನಿಮಿಷ ಅದು ಕುಡೀತಾ ಇತ್ತು. ನೀರು ದಾಟಲೇಬೇಕಾದರೆ ಇಳಿಯುವ ಮೊದಲು ಹತ್ತು ನಿಮಿಷ ನಿಲ್ಲಿಸಿ ಆರಿಸಿ. ದಾಟಿದ ಮೇಲೆ ಆ ವಾರದೊಳಗೆ ಆಯಿಲ್ ನೋಡಿ. ಗದ್ದೆ ಕೆಸರು ಮಾಡಿಸುವ ಕೆ.ಆರ್. ನಗರದ ಟ್ರಾಕ್ಟರ್ ಮಾಲೀಕರು ಮುಂದಿನ ಆಕ್ಸಲಿನ ಆಯಿಲನ್ನು ಹೀಗೇ ನೋಡಿಕೊಳ್ಳಬೇಕು, ಅಲ್ಲೂ ಇದೇ ಕಾಫಿ ಬಣ್ಣ ಬರುತ್ತೆ.

ಇನ್ನು ಯಾವ ಆಯಿಲ್ ಅನ್ನೋ ಪ್ರಶ್ನೆ. ಜಗಳ ಜಾಸ್ತಿ ಆಗೋದು ಇಲ್ಲೇ. ಟೀ ಅಂಗಡಿಯಲ್ಲಿ ಹತ್ತು ಜನ ಕೇಳಿದರೆ ಹನ್ನೆರಡು ಉತ್ತರ.

ಟ್ರಾನ್ಸ್‌ಫರ್ ಕೇಸುಗಳಲ್ಲಿ ಮುಖ್ಯವಾಗಿ ಎರಡು ಜಾತಿ. ಒಂದರೊಳಗೆ ಗೇರಿಗೆ ಗೇರು ಕಚ್ಚಿಕೊಂಡು ತಿರುಗುತ್ತೆ. ಹಳೆಯ ಮಹೀಂದ್ರ ಜೀಪುಗಳು, ಜಿಪ್ಸಿ ಈ ಜಾತಿ. ಇದಕ್ಕೆ ದಪ್ಪ ಗೇರ್ ಆಯಿಲ್, ಮೂಗಿಗೆ ಗಂಧಕದ ಘಾಟು ಹೊಡೆಯುತ್ತಲ್ಲ, ಅದು. ಇನ್ನೊಂದರೊಳಗೆ ಸೈಕಲ್ ಚೈನ್ ಥರದ ಅಗಲವಾದ ಚೈನ್ ಇರುತ್ತೆ. ಇಂಥವಕ್ಕೆ ಬಹಳಷ್ಟು ಕಂಪನಿಗಳು ತೆಳ್ಳನೆಯ ಎಟಿಎಫ್ ಹೇಳ್ತಾರೆ, ಸಾಮಾನ್ಯವಾಗಿ ಕೆಂಪಗೆ ಇರುತ್ತೆ. ಚೈನಿನ ಸಂದುಸಂದಿಗೂ, ಒಳಗಿನ ಸಣ್ಣ ಪಂಪಿಗೂ ತೆಳ್ಳನೆಯ ಆಯಿಲೇ ಬೇಕು. ಇನ್ನು ಕೆಲವು ಆಲ್ ವೀಲ್ ಡ್ರೈವ್ ಗಾಡಿಗಳಲ್ಲಿ ಲಿವರೇ ಇರಲ್ಲ, ಗಾಡಿಯೇ ತಾನಾಗಿ ಬಲ ಹಂಚುತ್ತೆ. ಒಳಗೆ ಕ್ಲಚ್ ಪ್ಲೇಟುಗಳು ಆಯಿಲಿನಲ್ಲಿ ಮುಳುಗಿರುವ ಕಡೆ, ಆ ಪ್ಲೇಟಿಗೆ ಅಂತಲೇ ಮಾಡಿದ ಆಯಿಲ್ ಹಾಕಬೇಕು. ಬೇರೆ ಹಾಕಿದರೆ ಪ್ಲೇಟು ಜಾರುತ್ತೆ, ಇಲ್ಲಾ ಜರ್ಕ್ ಹೊಡೆಯುತ್ತೆ.

ಹಾಗಾಗಿ ಪಕ್ಕದ ಮನೆಯವನ ಗಾಡಿಗೆ ಏನು ಹಾಕಿದರು ಅನ್ನೋದು ನಿಮ್ಮ ಗಾಡಿಗೆ ಉತ್ತರ ಅಲ್ಲ. ಗಾಡಿ ಜೊತೆ ಕೊಟ್ಟ ಪುಸ್ತಕ ನೋಡಿ. ಸೆಕೆಂಡ್ ಹ್ಯಾಂಡ್ ಗಾಡಿಗೆ ಪುಸ್ತಕ ಇರಲ್ಲ, ನಮ್ಮದಕ್ಕೂ ಇರಲಿಲ್ಲ. ಮಾಡೆಲ್ಲು, ವರ್ಷ ಹೇಳಿ ಕಂಪನಿ ಸರ್ವೀಸ್ ಸೆಂಟರಿನಲ್ಲಿ ಕೇಳಿದರೆ ಹೇಳ್ತಾರೆ. ಫೋನಲ್ಲಿ ಪುಸ್ತಕದ ಪಿಡಿಎಫ್ ಹುಡುಕಿಕೊಂಡರೂ ಆಯ್ತು. ಸಿನೆಮಾ ಇಳಿಸಿಕೊಳ್ಳೋರಿಗೆ ಇದೇನು ಕಷ್ಟ ಅಲ್ಲ.

ಡಬ್ಬದ ಮೇಲಿನ ಬರಹ ಹೇಗೆ ಓದಬೇಕು? ನಮ್ಮ ಜಿಪ್ಸಿಗೆ ಮೇಸ್ತ್ರಿ ಹಾಕಿದ್ದು 80ಡಬ್ಲ್ಯು-90, ಜಿಎಲ್-4. ಮೊದಲ ಅಂಕಿ ಚಳಿಯಲ್ಲಿ ಎಷ್ಟು ಸಲೀಸಾಗಿ ಹರಿಯುತ್ತೆ ಅನ್ನೋದು. ಡಬ್ಲ್ಯು ಅಂದ್ರೆ ವಿಂಟರ್. ಎರಡನೆಯದು ನೂರು ಡಿಗ್ರಿ ಕಾದಾಗ ಎಷ್ಟು ದಪ್ಪ ಉಳಿದಿರುತ್ತೆ ಅನ್ನೋದು. ನಮ್ಮ ಹವೆಗೆ ಎರಡನೆಯ ಅಂಕಿಯೇ ಮುಖ್ಯ. ಇಲ್ಲೊಂದು ಮೋಸ ಹೋಗುವ ಜಾಗ ಇದೆ. ಇಂಜಿನ್ ಆಯಿಲಿನ 40ಕ್ಕಿಂತ ಗೇರ್ ಆಯಿಲಿನ 90 ಎರಡು ಪಟ್ಟು ದಪ್ಪ ಅಂತ ನಾನೂ ನಂಬಿದ್ದೆ. ಅಲ್ಲ. ಎರಡಕ್ಕೂ ಅಳತೆಗೋಲು ಬೇರೆ. ಗೇರ್ ಆಯಿಲಿನ 90 ಅಂದ್ರೆ ಹೆಚ್ಚುಕಮ್ಮಿ ಇಂಜಿನ್ ಆಯಿಲಿನ 40, 50ರಷ್ಟೇ ದಪ್ಪ. ಹಾಗಂತ ಇಂಜಿನ್ ಆಯಿಲನ್ನೇ ಸುರಿದು ಬಿಡಬೇಡಿ. ಗೇರಿನ ಹಲ್ಲು ಹಲ್ಲನ್ನು ಒತ್ತುವ ಒತ್ತಡಕ್ಕೆ ಬೇಕಾದ ಮದ್ದು ಗೇರ್ ಆಯಿಲಿನಲ್ಲಿ ಸೇರಿಸಿರ್ತಾರೆ.

ಆ ಮದ್ದಿನ ಲೆಕ್ಕವೇ ಜಿಎಲ್. ಜಿಎಲ್-5ರಲ್ಲಿ ಗಂಧಕ, ರಂಜಕದ ಮದ್ದು ಜಿಎಲ್-4ಕ್ಕಿಂತ ಜಾಸ್ತಿ. ಜಾಸ್ತಿ ಇದ್ದರೆ ಒಳ್ಳೆಯದಲ್ಲವಾ ಅಂದೆ. ಉಪ್ಪು ಜಾಸ್ತಿ ಹಾಕಿದರೆ ಸಾರು ಒಳ್ಳೆಯದಾಗುತ್ತಾ ಅಂದರು ಮೇಸ್ತ್ರಿ. ಹಿಂದಿನ ಡಿಫರೆನ್ಶಿಯಲ್ ಕುಂಬಳದಲ್ಲಿ ಹಲ್ಲುಗಳು ಉಜ್ಜಿಕೊಂಡು ಜಾರ್ತಾವೆ, ಅಲ್ಲಿಗೆ ಜಿಎಲ್-5 ಬೇಕು. ಗೇರ್‌ಬಾಕ್ಸಿನ ಒಳಗೆ ಹಿತ್ತಾಳೆಯ ರಿಂಗುಗಳಿರುತ್ತವೆ. ಖಾರವಾದ ಮದ್ದು ಹಿತ್ತಾಳೆಯನ್ನು ತಿನ್ನಬಹುದು. ಜೊತೆಗೆ ಆಯಿಲ್ ವಿಪರೀತ ನುಣುಪಾದರೆ ಆ ರಿಂಗು ಹಿಡಿಯೋದೇ ಇಲ್ಲ, ಗೇರು ಕಚ್ಚೋಕೆ ತಕರಾರು ಮಾಡುತ್ತೆ. ಟ್ರಾನ್ಸ್‌ಫರ್ ಕೇಸಿಗೆ ಯಾವುದು ಅಂತ ಪುಸ್ತಕ ಹೇಳಿದ್ದನ್ನೇ ಹಾಕಬೇಕು. ಒಂದೇ ಡಬ್ಬ ತಂದು ಎಲ್ಲ ಕಡೆ ಸುರಿಯುವ ಗ್ಯಾರೇಜುಗಳಿವೆ. ಕೇಳದಿದ್ದರೆ ಅದೇ ಆಗೋದು.

ಜಿಪ್ಸಿಯ ಟ್ರಾನ್ಸ್‌ಫರ್ ಕೇಸಿಗೆ ಬೇಕಾಗೋದು 0.8 ಲೀಟರ್. ಒಂದು ಲೀಟರ್ ಡಬ್ಬ ತಂದರೆ ಮಿಗುತ್ತೆ. ನಾನು ಕೊಟ್ಟಿದ್ದು ನಾನೂರು ರೂಪಾಯಿ ಒಳಗೆ. ಲೂಸ್ ಆಯಿಲ್ ತಗೋಬೇಡಿ. ಮುಚ್ಚಳದ ಸೀಲು, ಬ್ಯಾಚ್ ನಂಬರು, ತಯಾರಾದ ತಿಂಗಳು ನೋಡಿ, ಬಿಲ್ ಕೇಳಿ. ಖಾಲಿ ಡಬ್ಬಕ್ಕೆ ಏನೇನೋ ತುಂಬಿ ಮಾರುವ ದಂಧೆ ಇದೆ. ಖಾಲಿಯಾದ ಡಬ್ಬಕ್ಕೆ ಮೇಸ್ತ್ರಿ ಮೊಳೆಯಿಂದ ತೂತು ಹೊಡೆದೇ ಗುಜರಿಗೆ ಹಾಕೋದು.

ಬದಲಾಯಿಸುವ ಕೆಲಸ ಈ ವರ್ಷ ನಾನೂ ಭಾವನೂ ಸೇರಿ ಮಾಡಿದೆವು. ಆಯುಧಪೂಜೆಗೆ ನಾಲ್ಕು ದಿನ ಮೊದಲು, ಅವನ ಮನೆ ಕಣದಲ್ಲಿ. ಮಾತು ಯಾವಾಗ ಶುರುವಾಯ್ತು ಅಂದರೆ ಹೋದ ವರ್ಷವೇ, ಹರಾಜಿನಲ್ಲಿ ಅವನ ಮೊದಲ ಬೇಲ್‌ಗಳು ಹೋದ ದಿನ. ನಾನು ಸುದ್ದಿಗೆ ಅಂತ ಹೋಗಿದ್ದೆ. ಅವನು ಟೀ ಕುಡಿಸಿದ. ಅಷ್ಟೇ, ದೊಡ್ಡ ರಾಜಿ ಪಂಚಾಯ್ತಿ ಏನೂ ಆಗಲಿಲ್ಲ.

ಗಾಡಿಯನ್ನು ಒಂದು ಹತ್ತು ಕಿಲೋಮೀಟರ್ ಓಡಿಸಿಕೊಂಡು ಬಂದೆವು. ಆಯಿಲ್ ಬೆಚ್ಚಗಾದರೆ ತಳದ ಕಸವನ್ನೂ ಎಳೆದುಕೊಂಡು ಇಳಿಯುತ್ತೆ. ಸುಡುವ ಹಾಗೆ ಇರಬಾರದು, ಕೈ ಸುಟ್ಟುಕೊಳ್ತೀರಿ. ಸಮತಟ್ಟಾದ ಜಾಗದಲ್ಲಿ ನಿಲ್ಲಿಸಿ, ಗೇರಲ್ಲಿ ಹಾಕಿ, ಹ್ಯಾಂಡ್ ಬ್ರೇಕ್ ಎಳೆದು, ಚಕ್ರಕ್ಕೆ ಕಲ್ಲು ಕೊಟ್ಟೆವು. ಜಿಪ್ಸಿ ಎತ್ತರ ಇದೆ, ಜಾಕ್ ಬೇಕಿಲ್ಲ. ಬೇರೆ ಗಾಡಿಗಾದರೂ ಬರೀ ಜಾಕ್ ನಂಬಿಕೊಂಡು ಕೆಳಗೆ ನುಗ್ಗಬೇಡಿ. ಹಾಗೆ ಸತ್ತವರ ಸುದ್ದಿ ಬರೆದಿದ್ದೀನಿ.

ಮೇಸ್ತ್ರಿ ಮೂರು ಸಲ ಹೇಳಿ ಕಳಿಸಿದ್ದ ಮಾತು: ಮೊದಲು ಮೇಲಿನ ಪ್ಲಗ್ ಬಿಚ್ಚು, ಆಮೇಲೆ ಕೆಳಗಿನದು. ಆಯಿಲ್ ತುಂಬೋದು ಮೇಲಿನದರಿಂದ. ಕೆಳಗಿನದು ಬಿಚ್ಚಿ ಎಲ್ಲ ಸೋರಿಸಿಕೊಂಡ ಮೇಲೆ ಮೇಲಿನದು ಜಾಮ್ ಆಗಿದೆ ಅಂತ ಗೊತ್ತಾದರೆ ಗಾಡಿ ಕಣದಲ್ಲೇ ಕೂರುತ್ತೆ, ಮೇಸ್ತ್ರಿಯನ್ನೇ ಮನೆಗೆ ಕರೆಸಬೇಕು. ಪ್ಲಗ್ಗಿನ ಸುತ್ತ ಬ್ರಷ್ಷಿನಿಂದ ತೊಳೆದು ಬಿಚ್ಚಿ, ಇಲ್ಲವಾದರೆ ಹೊರಗಿನ ಮರಳೇ ಒಳಗೆ ಬೀಳುತ್ತೆ.

ಹಳೆಯ ಮಹೀಂದ್ರ ಜೀಪ್ ಇರುವವರಿಗೆ ಇನ್ನೊಂದು ಮಾತು. ಅದರಲ್ಲಿ ಟ್ರಾನ್ಸ್‌ಫರ್ ಕೇಸು ಗೇರ್‌ಬಾಕ್ಸಿನ ಬೆನ್ನಿಗೇ ಅಂಟಿಕೊಂಡಿರುತ್ತೆ. ನಡುವಿನ ಸೀಲ್ ಸವೆದರೆ ಆಯಿಲ್ ಒಂದರಿಂದ ಇನ್ನೊಂದಕ್ಕೆ ಸರಿಯುತ್ತೆ. ಒಂದು ಬತ್ತಿ, ಇನ್ನೊಂದು ತುಂಬಿ ತುಳುಕುತ್ತೆ. ನೆಲದ ಮೇಲೆ ಒಂದು ತೊಟ್ಟೂ ಸೋರಿರಲ್ಲ. ಅದಕ್ಕೆ ಎರಡನ್ನೂ ಒಟ್ಟಿಗೆ ನೋಡಬೇಕು.

ನಮ್ಮದರಲ್ಲಿ ಮೇಲಿನ ಪ್ಲಗ್ ಈ ಸಲ ಸಲೀಸಾಗಿ ಬಂತು. ಕೆಳಗೆ ತಟ್ಟೆ ಇಟ್ಟು ಎರಡನೆಯದು ಬಿಚ್ಚಿದ್ದು ಭಾವ. ಇಬ್ಬರೂ ಉಸಿರು ಬಿಗಿ ಹಿಡಿದಿದ್ದೆವು. ಹೊಸದು ಜೇನಿನ ಬಣ್ಣ ಇತ್ತಲ್ಲ, ಈಗ ಬೆಲ್ಲದ ಪಾಕದ ಬಣ್ಣಕ್ಕೆ ತಿರುಗಿತ್ತು. ಬಿಳುಪಿಲ್ಲ, ನೊರೆಯಿಲ್ಲ. ಬೆರಳಲ್ಲಿ ಉಜ್ಜಿದರೆ ಬೂದಿ ಥರದ ನುಣುಪಾದ ಪುಡಿ, ತೀರಾ ಸ್ವಲ್ಪ. ಅಷ್ಟು ಪುಡಿ ಸಹಜ. ಉಗುರಿಗೆ ಚುಚ್ಚುವ ಚೂರು ಬಂದರೆ ಮಾತ್ರ ಗಾಬರಿಯಾಗಬೇಕು. ಕಪ್ಪಾಗಿ ಸುಟ್ಟ ವಾಸನೆ ಬಂದರೆ ಆಯಿಲ್ ಕಮ್ಮಿಯಾಗಿ ಕಾದಿದೆ ಅಂತ ಅರ್ಥ.

ಪೂರ್ತಿ ಇಳಿಯೋಕೆ ಕಾಲು ಗಂಟೆ ಬಿಟ್ಟೆವು. ಕೆಳಗಿನ ಪ್ಲಗ್ಗಿನ ಎಳೆ ಒರೆಸಿ, ಸೀಲಂಟ್ ಹಚ್ಚಿ ಬಿಗಿದೆವು. ಬೇರೆ ಗಾಡಿಗಳಲ್ಲಿ ವಾಷರ್ ಇದ್ದರೆ ಹೊಸದು ಹಾಕಿ, ಹತ್ತಿಪ್ಪತ್ತು ರೂಪಾಯಿಗೆ ಜಿಪುಣತನ ಬೇಡ. ಪೈಪ್ ತೂರಿಸಿ ರಾಕ್ಷಸ ಬಿಗಿ ಬಿಗಿಯೋದೂ ಬೇಡ, ಡಬ್ಬ ಅಲ್ಯೂಮಿನಿಯಂ ಆಗಿದ್ದರೆ ಎಳೆ ಹರಿದುಹೋಗುತ್ತೆ. ಮೇಲಿನ ತೂತಿಂದ ಹಾಕೋಕೆ ಜಾಗ ಇಕ್ಕಟ್ಟು. ಭಾವ ಔಷಧಿ ಅಂಗಡಿಯಿಂದ ದೊಡ್ಡ ಸಿರಿಂಜ್ ತಂದು ಅದಕ್ಕೆ ಪೈಪ್ ಸಿಕ್ಕಿಸಿದ್ದ. ಇಪ್ಪತ್ತು ಸಲ ಒತ್ತಿದ ಮೇಲೆ ತೂತಿನ ಅಂಚಿಂದ ತೊಟ್ಟಿಕ್ಕೋಕೆ ಶುರುವಾಯ್ತು. ತೊಟ್ಟಿಕ್ಕಿದರೆ ಮಟ್ಟ ಸರಿ ಅಂತ. ಮೇಲಿನ ಪ್ಲಗ್ ಹಾಕಿದೆವು. ಬ್ರೀದರ್ ಬಾಯಿಯನ್ನೂ ಕ್ಲೀನ್ ಮಾಡಿದೆವು.

ಎಷ್ಟು ದಿನಕ್ಕೊಮ್ಮೆ ಅಂತ ಕೇಳ್ತೀರಿ. ಪುಸ್ತಕದಲ್ಲಿ ಕಿಲೋಮೀಟರ್ ಲೆಕ್ಕ ಇರುತ್ತೆ, ಕೆಸರು, ನೀರು, ಭಾರ ಎಳೆಯುವ ಗಾಡಿಗೆ ಬೇಗ ಅಂತಲೂ ಇರುತ್ತೆ. ನಮ್ಮ ಕಡೆಯ ಗಾಡಿಗಳೆಲ್ಲ ಆ ಎರಡನೆಯ ಲೆಕ್ಕಕ್ಕೇ ಸೇರ್ತವೆ ಅನ್ನೋದು ನನ್ನ ಅಭಿಪ್ರಾಯ. ಮಳೆ ಮುಗಿದ ಮೇಲೆ ವರ್ಷಕ್ಕೊಂದು ಸಲ, ನೀರಿಗೆ ಇಳಿದರೆ ಕೂಡಲೇ ಅಂತ ನಾವು ಇಟ್ಟುಕೊಂಡಿದ್ದೀವಿ. ಹೋದ ವರ್ಷ ರಿಪೇರಿ ಆದ ಮೇಲೆ ಮೇಸ್ತ್ರಿ ಒಂದೇ ಸಾವಿರ ಕಿಲೋಮೀಟರಿಗೆ ಮತ್ತೆ ಬದಲಾಯಿಸಿದ್ದರು, ಮೂಲೆಯಲ್ಲಿ ಉಳಿದ ನೀರು, ಚೂರು ಈಚೆ ಬರಲಿ ಅಂತ. “ಲೈಫ್‌ಟೈಮ್ ಆಯಿಲ್, ಮುಟ್ಟೋದೇ ಬೇಡ” ಅಂತ ಯಾರಾದರೂ ಹೇಳಿದರೆ ಯಾರ ಲೈಫ್‌ಟೈಮ್ ಅಂತ ಕೇಳಿ.

ಆಯಿಲ್ ಒಂದೇ ಕಾಪಾಡಲ್ಲ ಅನ್ನೋದನ್ನೂ ಹೇಳಿಬಿಡ್ತೀನಿ. ಲಿವರ್ ಇರುವ ಜಿಪ್ಸಿ, ಜೀಪಿನಂಥ ಗಾಡಿಯನ್ನು ಒಣ ಟಾರು ರಸ್ತೆಯಲ್ಲಿ ಫೋರ್ ಬೈ ಫೋರಿನಲ್ಲಿ ಓಡಿಸಬಾರದು. ತಿರುವಿನಲ್ಲಿ ಮುಂದಿನ ಚಕ್ರ, ಹಿಂದಿನ ಚಕ್ರ ಬೇರೆ ಬೇರೆ ದೂರ ಓಡ್ತವೆ. ಕೆಸರಲ್ಲಾದರೆ ಚಕ್ರ ಜಾರಿ ಸರಿಹೋಗುತ್ತೆ, ಟಾರಲ್ಲಿ ಆ ಜಗ್ಗಾಟ ಎಲ್ಲ ಡಬ್ಬದ ಮೇಲೆ ಬೀಳುತ್ತೆ. ಸದಾ ನಾಲ್ಕು ಚಕ್ರ ಎಳೆಯುವ ಗಾಡಿಗೆ ಎರಡು ಹೊಸ ಟೈರು, ಎರಡು ಬೋಳು ಟೈರು ಹಾಕಿದರೂ ಅದೇ ಜಗ್ಗಾಟ, ದಿನವಿಡೀ.

ಇಳಿಸಿದ ಆಯಿಲನ್ನು ಭಾವ ಸೀದಾ ಬೇಲಿ ಬುಡಕ್ಕೆ ಚೆಲ್ಲೋಕೆ ಹೊರಟಿದ್ದ, ಗೆದ್ದಲು ಬರಲ್ಲ ಅಂತ. ಅವರ ಬೋರ್‌ವೆಲ್ ಇರೋದು ಬೇಲಿಯಿಂದ ಹದಿನೈದು ಹೆಜ್ಜೆಗೆ. ಬಳಸಿದ ಆಯಿಲನ್ನು ಸರ್ಕಾರದ 2016ರ ನಿಯಮಗಳು ಅಪಾಯಕಾರಿ ತ್ಯಾಜ್ಯ ಅಂತ ಪಟ್ಟಿ ಮಾಡಿವೆ ಅಂತ ಹೇಳಿದೆ. “ನೀನು ಪೇಪರ್‌ನವನು, ನಿಂಗೆಲ್ಲದಕ್ಕೂ ನಿಯಮ” ಅಂದ. ಅಕ್ಕ ಒಳಗಿಂದಲೇ “ನೀರು ಕುಡಿಯೋದು ನಾವು ಕಣ್ರೀ” ಅಂದಳು. ಹಳೆಯ ಡಬ್ಬಕ್ಕೆ ಸುರಿದು ಮುಚ್ಚಿ ಇಟ್ಟ. ಮೇಸ್ತ್ರಿ ಹತ್ತಿರ ಡ್ರಮ್ ಇದೆ, ತುಂಬಿದಾಗ ತಗೊಂಡು ಹೋಗುವವರು ಬರ್ತಾರೆ. ಮುಂದಿನ ಸಲ ಹುಣಸೂರಿಗೆ ಬರುವಾಗ ಅಲ್ಲಿಗೆ ಕೊಡಬೇಕು.

ಕೈ ತೊಳೆದು ಕೂತಾಗ ಅಕ್ಕನ ಮಗ ಸ್ಕೂಲ್ ಬ್ಯಾಗಿಂದ ಒಂದು ಹಳೆಯ ನೋಟ್‌ಬುಕ್ ತಂದ. ಅರ್ಧ ಮಗ್ಗಿ ಬರೆದ ಪುಸ್ತಕ. ಹಿಂದಿನಿಂದ ತಿರುಗಿಸಿ ಭಾವ ದಿನಾಂಕ, ಕಿಲೋಮೀಟರ್, 80ಡಬ್ಲ್ಯು-90 ಜಿಎಲ್-4, ಬ್ಯಾಚ್ ನಂಬರ್ ಬರೆದ. ಕೆಳಗೆ ಸಹಿ ಹಾಕಿ ನನ್ನ ಕಡೆ ತಳ್ಳಿದ. “ನೀನೂ ಹಾಕು. ಆಮೇಲೆ ನಾನು ನೋಡಿಲ್ಲ ಅನ್ನಬಾರದು.”

ಹಾಕಿದೆ. ಪೆನ್ನು ಹಿಡಿದ ಕೈಯಲ್ಲಿ ಇನ್ನೂ ಗಂಧಕದ ವಾಸನೆ ಇತ್ತು, ಪುಟದ ಅಂಚಿಗೆ ಹೆಬ್ಬೆರಳಿನ ಗುರುತೂ ಬಿತ್ತು.